ಕೊಟ್ಟಿಗೆಯ ಗಂಟು

ಸೊಗಡು ಅವರೆಕಾಯಿ ಬಿಡಿಸಿದ ಕೈಯನ್ನು ಎಷ್ಟು ತೊಳೆದರೂ ವಾಸನೆ ಸಂಜೆಯವರೆಗೆ ಬಿಡುವುದಿಲ್ಲ. ಮೊನ್ನೆ ರಾಮನಗರದಿಂದ ತಂದ ಮೂರು ಕೆ.ಜಿ. ಕಾಯನ್ನು ಜಗಲಿಯ ಮೇಲೆ ಸುರಿದುಕೊಂಡು ಬಿಡಿಸುತ್ತಾ ಕೂತಿದ್ದೆ. ಮೂಗಿನ ತುದಿ ಕೆರೆದುಕೊಳ್ಳಲು ಬೆರಳೆತ್ತಿದವಳಿಗೆ ಆ ಜಿಡ್ಡುಜಿಡ್ಡಾದ ಹಸಿರು ವಾಸನೆ ಹೊಡೆದದ್ದೇ ತಡ, ಬಂಡೆಯ ಮೇಲಿನ ಬಿಸಿಲು ನೆನಪಾಯಿತು, ಅಂಗೈಯಲ್ಲಿ ಹಗುರವಾದ ಹಗ್ಗ ನೆನಪಾಯಿತು. ಅದೆಲ್ಲ ನಡೆದದ್ದು ಅವರೆ ಕಾಲದಲ್ಲೇ. ಒಂದು ಕಾರ್ತಿಕದಿಂದ ಶಿವರಾತ್ರಿಯವರೆಗೆ, ನನ್ನ ಓರಗಿತ್ತಿ ರತ್ನಳ ಮೇಲೆ ಹೊಟ್ಟೆ ಉರಿದುಕೊಂಡು ನಾನು ಕಳೆದ ಚಳಿಗಾಲ ಅದು.

ಆಗ ರಾಮನಗರ ಇನ್ನೂ ಜಿಲ್ಲೆಯಾಗಿರಲಿಲ್ಲ. ಬಿಡದಿಯ ಕಡೆ ಒಂದರ ಪಕ್ಕ ಒಂದು ಕಾರ್ಖಾನೆ ಏಳುತ್ತಿತ್ತು. ನಮ್ಮನೆಯವರು ಅಂಥದೊಂದರಲ್ಲಿ ಪಾಳಿ ಕೆಲಸಕ್ಕೆ ಸೇರಿದ್ದರು. ಬೆಳಗಾದರೆ ಊರಿನ ಅರ್ಧ ಗಂಡಸರು ಒಂದೇ ಬಣ್ಣದ ಅಂಗಿ ತೊಟ್ಟು ರಸ್ತೆ ಬದಿಯಲ್ಲಿ ಕಂಪನಿ ಬಸ್ಸಿಗೆ ಕಾಯುತ್ತಿದ್ದರು. ಮೈದುನ ಗೂಡ್ಸ್ ಆಟೊದಲ್ಲಿ ರೇಷ್ಮೆಗೂಡಿನ ಮೂಟೆಗಳನ್ನು ಮಾರ್ಕೆಟ್ಟಿಗೆ ಸಾಗಿಸುತ್ತಿದ್ದ. ಮನೆಯಲ್ಲಿ ಹಗಲೆಲ್ಲ ಉಳಿಯುತ್ತಿದ್ದವರು ಅತ್ತೆ, ನಾನು, ರತ್ನ ಮತ್ತು ನಾಲ್ಕು ದನ. ನನ್ನ ಮಕ್ಕಳಿಬ್ಬರು ಸ್ಕೂಲಿಗೆ ಹೋಗುತ್ತಿದ್ದರು. ರತ್ನಳಿಗೆ ಮದುವೆಯಾಗಿ ಮೂರು ವರ್ಷವಾಗಿದ್ದರೂ ಇನ್ನೂ ಮಕ್ಕಳಿರಲಿಲ್ಲ.

ನನ್ನ ತವರೂ ಅದೇ ಊರು. ಸೋದರತ್ತೆಯ ಮಗನಿಗೇ ಕೊಟ್ಟಿದ್ದರು. ಹಾಗಾಗಿ ಮನೆ ಬದಲಾಯಿತೇ ಹೊರತು ಬೆಟ್ಟ ಬದಲಾಗಲಿಲ್ಲ. ಊರ ಬೆನ್ನಿಗೆ ಅಂಟಿಕೊಂಡ ದೊಡ್ಡ ಬಂಡೆಯನ್ನು ನಾವು ಆಡುಬಂಡೆ ಎನ್ನುತ್ತೇವೆ. ಚಿಕ್ಕವಳಿದ್ದಾಗ ಅಪ್ಪನ ಆಡುಗಳ ಹಿಂದೆ ಅದರ ಮೇಲೆ ಎಷ್ಟು ಸಲ ಹತ್ತಿಳಿದೆನೋ. ಎಲ್ಲಿ ಕಾಲಿಟ್ಟರೆ ಹಿಡಿತ ಸಿಗುತ್ತದೆ, ಎಲ್ಲಿ ಪಾಚಿ ಕಟ್ಟುತ್ತದೆ ಎಂದು ನನ್ನ ಹೆಬ್ಬೆರಳಿಗೆ ಗೊತ್ತಿತ್ತು.

ರತ್ನ ಚನ್ನಪಟ್ಟಣದವಳು. ಅವಳಪ್ಪ ಬೊಂಬೆ ಕಡೆಯುವವರು. ತಿರುಗುವ ಮರಕ್ಕೆ ಅರಗಿನ ಕಡ್ಡಿ ಹಿಡಿದು ಬಣ್ಣ ಹತ್ತಿಸುವುದು ಅವಳಿಗೂ ಬರುತ್ತಿತ್ತು. ಆದರೆ ದನ ಕಂಡರೆ ಹೆದರುತ್ತಿದ್ದಳು. ಬಂದ ಹೊಸತರಲ್ಲಿ ಅವಳಿಗೆ ಕೊಟ್ಟಿಗೆಯ ಕೆಲಸ ಕಲಿಸಿದವಳು ನಾನೇ. ಗೂಟಕ್ಕೆ ಹಗ್ಗ ಕಟ್ಟುವಾಗ ನಮ್ಮಲ್ಲಿ ಒಂದು ಗಂಟು ಹಾಕುತ್ತಾರೆ. ಹಸು ಎಷ್ಟು ಜಗ್ಗಿದರೂ ಅದು ಬಿಗಿಯುತ್ತಲೇ ಹೋಗುತ್ತದೆ. ಆದರೆ ಇತ್ತ ಜೋತುಬಿದ್ದ ತುದಿಯನ್ನು ಎರಡು ಬೆರಳಲ್ಲಿ ಎಳೆದರೆ ಒಂದೇ ಸಲಕ್ಕೆ ಬಿಚ್ಚಿಕೊಳ್ಳುತ್ತದೆ. ಹುಲ್ಲಿಗೆ ಬೆಂಕಿ ಬಿದ್ದರೆ, ದನ ಕೊರಳಿಗೆ ಸುತ್ತಿಕೊಂಡರೆ, ಗಂಟು ಬಿಚ್ಚುತ್ತಾ ಕೂರಲಾಗುತ್ತದೆಯೇ? ಅದಕ್ಕೇ ಹಾಗೆ. ಅವಳು ಎರಡು ದಿನ ಗೂಟದ ಮುಂದೆ ಕೂತು ಕಲಿತಳು. ಆಮೇಲೆ ಮಾತಾಡುತ್ತಲೇ, ಕಣ್ಣು ಎಲ್ಲೋ ಇಟ್ಟುಕೊಂಡೇ ಕಟ್ಟುತ್ತಿದ್ದಳು.

ಬೆಂಗಳೂರಿನಿಂದ ಶನಿವಾರ ಭಾನುವಾರಗಳಲ್ಲಿ ಬಂಡೆ ಹತ್ತುವವರು ಬರುತ್ತಿದ್ದರು. ಹಗ್ಗ, ಕೊಂಡಿ, ಬಣ್ಣದ ಟೋಪಿ. ಮೊದಮೊದಲು ಊರಿನವರೆಲ್ಲ ಹೋಗಿ ನಿಂತು ನೋಡಿ, "ಇವರ್ಗೇನು ಬ್ಯಾರೆ ಕ್ಯಾಮೆ ಇಲ್ವಾ" ಎಂದು ನಕ್ಕು ಬರುತ್ತಿದ್ದರು. ಅವರ ಮುಖ್ಯಸ್ಥೆಯನ್ನು ಎಲ್ಲರೂ ಮೇಡಂ ಎನ್ನುತ್ತಿದ್ದರು. ಐವತ್ತರ ಹತ್ತಿರದ, ಬಿಸಿಲಿಗೆ ಕಪ್ಪಾದ, ಕತ್ತರಿಸಿದ ಕೂದಲಿನ ಹೆಂಗಸು. ಅವರ ತಂಡಕ್ಕೆ ನಮ್ಮ ಮನೆಯಲ್ಲೇ ಊಟ. ಬೆಳಗ್ಗೆ ಅಕ್ಕಿರೊಟ್ಟಿ, ಮಧ್ಯಾಹ್ನ ಮುದ್ದೆ, ಹಿತಕಿದ ಬೇಳೆ ಸಾರು. ಮುದ್ದೆಯನ್ನು ಅಗಿಯಬಾರದು, ನುಂಗಬೇಕು ಎಂದು ಪ್ರತಿ ವಾರ ಯಾರಿಗಾದರೂ ಹೇಳಿಕೊಡಬೇಕಾಗುತ್ತಿತ್ತು.

ಒಂದು ಶನಿವಾರ ಅವರು ಮೇಲೆಯೇ ಉಳಿದುಬಿಟ್ಟರೆಂದು ನಾನು ರೊಟ್ಟಿಯ ಡಬ್ಬಿಯನ್ನು ಸೆರಗಿನಲ್ಲಿ ಕಟ್ಟಿಕೊಂಡು ಬರಿಗಾಲಲ್ಲಿ ಆಡುಬಂಡೆ ಹತ್ತಿಹೋದೆ. ಮೇಡಂ ಬಾಯಿ ತೆರೆದು ನೋಡಿದರು. ಕಬ್ಬಾಳದುರ್ಗದ ಕೆಳಗೆ, ಕನಕಪುರದ ಕಡೆ, ಶಿವರಾತ್ರಿ ಕಳೆದ ಮೇಲೆ ಒಂದು ಕ್ಯಾಂಪ್ ಶುರುವಾಗುವುದಿತ್ತು. ಹುಡುಗಿಯರಿಗೆ ಬಂಡೆ ಹತ್ತಲು ಕಲಿಸಲು ಈ ಕಡೆಯವಳೇ ಒಬ್ಬಳು ಹೆಂಗಸು ಬೇಕಿತ್ತು. "ನೀವು ಹಗ್ಗದ ಕೆಲಸ ಒಂದು ಕಲಿತರೆ ಸಾಕು, ನಿಮ್ಮನ್ನೇ ತಗೋತೀನಿ" ಎಂದರು.

ಎರಡು ದಿನ ನನ್ನ ಕಾಲು ನೆಲದ ಮೇಲಿರಲಿಲ್ಲ. ಮೂವತ್ತೆರಡು ವರ್ಷದಲ್ಲಿ ಯಾರೂ ನನ್ನನ್ನು ಯಾವುದಕ್ಕೂ ಆರಿಸಿಕೊಂಡಿರಲಿಲ್ಲ. ಮದುವೆಗೂ ಅಷ್ಟೇ, ಸೋದರತ್ತೆಯ ಮನೆ ಎಂದು ಕೊಟ್ಟದ್ದು.

ರತ್ನ ಪಾತ್ರೆ ಬೆಳಗುತ್ತಾ ಕೇಳಿದಳು. "ಅಕ್ಕ, ನಾನೂ ಬರ್ಲಾ? ಸುಮ್ನೆ ನೋಡಾಕೆ."

"ಬಾ, ಅದಕ್ಕೇನು" ಎಂದೆ. ಒಳಗೊಳಗೇ ನಕ್ಕೆ ಕೂಡ. ಅಟ್ಟದ ಏಣಿ ಹತ್ತಲು ಹೆದರುವವಳು ಇವಳು. ನನ್ನ ಪಕ್ಕ ಇವಳಿದ್ದರೆ ನಾನು ಇನ್ನೂ ಚೆನ್ನಾಗಿ ಕಾಣುತ್ತೇನೆ ಎಂದೂ ಅನ್ನಿಸಿದ್ದಿರಬೇಕು.

ಅತ್ತೆ ಮಾತ್ರ, "ಇಬ್ರೂ ಹೋಗ್ಬುಟ್ರೆ ಮುದ್ದೆ ಯಾರು ತಿರುವ್ತಾರೆ? ಬಂಡೆ ತಿರುವುತ್ತಾ?" ಎಂದು ಗೊಣಗಿ, ಕೊನೆಗೆ, "ಹೋಗ್ಲಿ ಬುಡು, ಮನೇಲಿ ಕುಂತು ಇವ್ಳಾದ್ರೂ ಏನ್ ಮಾಡ್ತಾಳೆ" ಎಂದು ರತ್ನಳ ಕಡೆ ನೋಡಿ ಒಪ್ಪಿಕೊಂಡರು.

ಮೊದಲ ವಾರ ಹಂದಿಗೊಂದಿ ಬೆಟ್ಟ. ನೋಡಲು ಬಂದ ರತ್ನಳಿಗೂ ಮೇಡಂ, ನೀನೂ ಕಲಿ ಎಂದು ಸೊಂಟಕ್ಕೆ ಪಟ್ಟಿ ಕಟ್ಟಿದರು. ನಾನು ಹತ್ತಿ ನಿಂತು, ಕೆಳಗೆ ನಡುಗುತ್ತಿದ್ದ ರತ್ನಳನ್ನು ನೋಡುತ್ತಾ ಕಡಲೆಕಾಯಿ ತಿಂದೆ. ಎರಡು ವಾರಕ್ಕೆಲ್ಲ ಗಾಳಿ ತಿರುಗಿತು. ಹತ್ತುವುದು ನನಗೆ ಗೊತ್ತಿತ್ತು, ಆದರೆ ಮೇಡಂ ಕಲಿಸುತ್ತಿದ್ದದ್ದು ಹಗ್ಗಕ್ಕೆ ಮೈ ಕೊಡುವುದನ್ನು. ಕೈಬಿಟ್ಟು ಹಿಂದಕ್ಕೆ ವಾಲಬೇಕು, ಕೆಳಗಿನವಳು ಹಿಡಿದಿದ್ದಾಳೆ ಎಂದು ನಂಬಿ ತೂಗಬೇಕು. ಅದು ನನ್ನ ಮೈಗೆ ಒಗ್ಗಲಿಲ್ಲ. ನಾನು ಯಾವತ್ತೂ ನನ್ನ ಕಾಲನ್ನು ಬಿಟ್ಟು ಬೇರೆಯದನ್ನು ನಂಬಿದವಳಲ್ಲ. ರತ್ನಳಿಗೆ ಕಾಲಿನ ಮೇಲೆ ನಂಬಿಕೆಯೇ ಇರಲಿಲ್ಲ. ಹಾಗಾಗಿ ಹಗ್ಗವನ್ನು ಪೂರಾ ನಂಬಿದಳು. ಒಂದು ಸಲ ತೂಗಿ ನೋಡಿ, ಬೀಳುವುದಿಲ್ಲ ಎಂದು ಗೊತ್ತಾದ ಮೇಲೆ ಅವಳ ಭಯವೇ ಹೊರಟುಹೋಯಿತು. ಆಮೇಲೆ ಆ ಬೊಂಬೆ ಕಡೆದ ಬೆರಳುಗಳು ಕಲ್ಲಿನ ಕಾಳಷ್ಟು ಉಬ್ಬನ್ನೂ ಹಿಡಿಯತೊಡಗಿದವು.

ಪುಷ್ಯದ ಚಳಿಯಲ್ಲಿ ಮಾಗಡಿಯ ಕಡೆಯಿಂದ ಸಾವನದುರ್ಗಕ್ಕೆ ಹೋದೆವು. ಆ ಬಂಡೆಯ ಮುಂದೆ ನಿಂತರೆ ಆಕಾಶ ಒಂದು ಕಡೆ ಕಮ್ಮಿ ಅನ್ನಿಸುತ್ತದೆ. ಅಲ್ಲಿ ಇಳಿಯುವಾಗ ನಾನು ಹಗ್ಗ ಬಿಟ್ಟು ಬಂಡೆಯನ್ನು ತಬ್ಬಿಕೊಂಡು ನಿಂತುಬಿಟ್ಟೆ. ಪಕ್ಕದಲ್ಲಿ ರತ್ನ ಉಯ್ಯಾಲೆ ಆಡುವವಳಂತೆ ಇಳಿದುಹೋದಳು. ಮೇಡಂ ಮೇಲಿನಿಂದ ಕೂಗಿದರು. "ಜಯಮ್ಮ, ರತ್ನನ್ನ ನೋಡಿ, ರತ್ನ ಥರ ವಾಲಿ!"

ರತ್ನ ಥರ! ನಾನು ಕಲಿಸಿದ ಹುಡುಗಿಯ ಥರ ನಾನು ಆಗಬೇಕಿತ್ತು. ಬರುವಾಗ ಮಾಗಡಿ ಬಸ್‌ಸ್ಟ್ಯಾಂಡಿನಲ್ಲಿ ಎಲ್ಲರೂ ಕಾಫಿ ಕುಡಿದರು. ನಾನು ತಲೆನೋವು ಎಂದು ವ್ಯಾನಿನಲ್ಲೇ ಕೂತೆ. ರತ್ನ ಒಂದು ಲೋಟ ಹಿಡಿದುಕೊಂಡು ಬಂದಳು. "ಕುಡಿ ಅಕ್ಕ, ಒಸಿ ಬಿಸಿ ಐತೆ, ತಲೆನೋವು ಹೋಯ್ತದೆ." ನಾನು ಕುಡಿಯಲಿಲ್ಲ. ಕುಡಿದಿದ್ದರೆ ಅವಳ ಋಣ ಹೊರಬೇಕಾಗುತ್ತಿತ್ತು ಎನ್ನುವಷ್ಟು ದೂರ ಹೋಗಿತ್ತು ನನ್ನ ತಲೆ.

ಇನ್ನೊಂದು ಭಾನುವಾರ ತಂಡದವರು ಬೊಂಬೆ ಕೊಳ್ಳಬೇಕೆಂದು ಚನ್ನಪಟ್ಟಣಕ್ಕೆ ಹೋದಾಗ ಅವಳ ತವರಿಗೇ ಕರೆದುಕೊಂಡು ಹೋದಳು. ಅವಳಪ್ಪ ಮಣೆಯ ಮೇಲೆ ಕೂತು ಮರ ಕಡೆದು ತೋರಿಸಿದರು. ಬೆಂಗಳೂರಿನ ಹುಡುಗಿಯರು ರತ್ನಳ ಬೆರಳು ಹಿಡಿದು ಹಿಡಿದು ನೋಡಿದರು. ನಾನು ನನ್ನ ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡಿದ್ದೆ.

ಮನೆಗೆ ಬಂದ ಮೇಲೆ ಅವಳ ಸಾರಿಗೆ ಉಪ್ಪು ಜಾಸ್ತಿ ಎಂದೆ. ಅವಳು ಗುಡಿಸಿದ ಹಟ್ಟಿಯನ್ನು ಮತ್ತೆ ಗುಡಿಸಿದೆ. ಅವಳಿಗೆ ಗೊತ್ತಾಗದೆ ಇರುತ್ತದೆಯೇ? ಒಂದು ದಿನ ಒಲೆ ಮುಂದೆ ಕೂತು ನಗುತ್ತಾ, "ಅಕ್ಕ, ಒಲೆ ಆರೈತೆ. ನಿನ್ ಹೊಟ್ಟೇಲಿ ಒಂದ್ ಕೆಂಡ ಇದ್ರೆ ಕೊಡು" ಎಂದಳು. ಅತ್ತೆಯೂ ನಕ್ಕುಬಿಟ್ಟರು. ನಾನು ನಗಲಿಲ್ಲ.

ಮಾಘದಲ್ಲಿ ಮೇಡಂ, "ಇಬ್ಬರಲ್ಲಿ ಯಾರನ್ನ ತಗೊಳ್ಳೋದು ಅಂತ ಮುಂದಿನ ಭಾನುವಾರ ಪರೀಕ್ಷೆ" ಎಂದರು. ಆಡುಬಂಡೆಯ ಮೇಲೇ. ಹತ್ತುವ ಹಗ್ಗಕ್ಕೆ ಎಂಟರ ಅಂಕಿಯಂಥ ಒಂದು ಗಂಟಿದೆ, ಅದನ್ನು ಸೊಂಟದ ಪಟ್ಟಿಗೆ ಹಾಕಬೇಕು. ಹತ್ತುವವಳು ತನ್ನ ಗಂಟನ್ನು ತಾನೇ ಹಾಕುವುದು, ಕೆಳಗೆ ಹಗ್ಗ ಹಿಡಿಯುವವಳು ಅದನ್ನು ಮುಟ್ಟಿ ನೋಡಿ "ಸರಿ" ಎನ್ನುವುದು. ಆ ಮಾತು ಬಾರದೆ ಕಾಲು ನೆಲ ಬಿಡುವ ಹಾಗಿಲ್ಲ. ಯಾವತ್ತೂ ಮೇಡಂ ಇನ್ನೊಂದು ಸಲ ನೋಡುತ್ತಿದ್ದರು. "ಆವತ್ತು ನಾನು ಮೇಲಿರ್ತೀನಿ. ಕೆಳಗೆ ನೀವಿಬ್ಬರೇ. ಹತ್ತೋದನ್ನ ನಾನು ನೋಡಾಗಿದೆ. ಒಬ್ಬರ ಜೀವ ಇನ್ನೊಬ್ಬರು ನೋಡ್ಕೋತೀರಾ, ಅದನ್ನ ನೋಡಬೇಕು."

ಆ ಭಾನುವಾರ ಬೆಳಗ್ಗೆ ನಾನು ತಲೆಗೆ ನೀರು ಹಾಕಿಕೊಂಡು, "ಕೂದ್ಲು ಒಣಗ್ಬೇಕು, ಇವತ್ತು ಕೊಟ್ಟಿಗೆ ನೀನೇ ನೋಡ್ಕೋ" ಎಂದು ರತ್ನಳಿಗೆ ಹೇಳಿದೆ. ಕೂದಲಿನ ನೆಪ ಅಷ್ಟೇ. ಅವಳು ದಣಿದು ಬರಲಿ ಎಂದಿತ್ತು. ಅವಳು ಸಗಣಿ ಬಾಚಿ, ಹಾಲು ಕರೆದು, ನಾಲ್ಕೂ ದನಗಳನ್ನು ಹೊರಗೆ ಕಟ್ಟಿ, ಕೈ ಒರೆಸಿಕೊಂಡೇ ಬಂಡೆಯ ಕಡೆ ಓಡಿಬಂದಳು. ಆಗಲೇ ಮೇಡಂ ಮತ್ತು ಅವರ ಜೊತೆಗಾರ ಮೇಲೆ ಹೋಗಿ ಹಗ್ಗ ಇಳಿಬಿಟ್ಟಿದ್ದರು. ಹಗ್ಗ ಮೇಲಿನ ಕೊಂಡಿಯಲ್ಲಿ ಹಾದು ಮತ್ತೆ ಕೆಳಕ್ಕೆ ಬರುತ್ತದೆ. ಒಂದು ತುದಿ ಹತ್ತುವವಳಿಗೆ, ಇನ್ನೊಂದು ನನ್ನ ಕೈಗೆ. ನಮ್ಮ ಹಿಂದೆ ಇಬ್ಬರು ಬೆಂಗಳೂರಿನ ಹುಡುಗಿಯರು ಕಿತ್ತಳೆ ಸುಲಿಯುತ್ತಾ ಕೂತಿದ್ದರು. ಅವರಿಗೆ ನಮ್ಮ ಮಾತು ಅರ್ಧಂಬರ್ಧ ಅರ್ಥವಾಗುತ್ತಿತ್ತು.

"ಲೇಟಾಗ್ಬುಡ್ತಲ್ಲಕ್ಕ, ಆ ಕೆಂದ ಹಸ ಒದ್ದುಬುಡ್ತು" ಎನ್ನುತ್ತಾ ರತ್ನ ಗಂಟು ಹಾಕಿದಳು. ಮಾತಾಡುತ್ತಲೇ, ಕಣ್ಣು ಮೇಲಿಟ್ಟುಕೊಂಡೇ. ಆಮೇಲೆ ಸೊಂಟವನ್ನು ನನ್ನ ಕಡೆ ತಿರುಗಿಸಿ, "ನೋಡಕ್ಕ" ಎಂದಳು.

ನೋಡಿದೆ. ಅದು ಎಂಟರ ಗಂಟಲ್ಲ. ಕೊಟ್ಟಿಗೆಯ ಗಂಟು. ನಾಲ್ಕು ಸಲ ಆಗಷ್ಟೇ ಕಟ್ಟಿ ಬಂದ ಬೆರಳು ಐದನೆಯ ಸಲವೂ ಅದನ್ನೇ ಕಟ್ಟಿತ್ತು. ಒಂದು ಮೊಳ ತುದಿ ಕೆಳಗೆ ಜೋಲಾಡುತ್ತಿತ್ತು. ಬೇರೆ ಯಾರಾದರೂ ಆಗಿದ್ದರೆ ಗುರುತು ಸಿಗುತ್ತಿರಲಿಲ್ಲವೇನೋ. ನನಗೆ ಕಣ್ಣು ಮುಚ್ಚಿದರೂ ಗೊತ್ತಾಗುತ್ತಿತ್ತು.

"ಸರಿ ಐತೆ" ಎಂದೆ.

ಮೇಡಂ ಮೇಲಿನಿಂದ ನೋಡಿ ಇವಳನ್ನು ಇಳಿಸಿಯೇ ಇಳಿಸುತ್ತಾರೆ, ಮಾನ ಹೋಗಲಿ ಅಂದುಕೊಂಡೆ ಎಂದು ಬಹಳ ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ಅದು ಆಮೇಲೆ ಹೊಲಿದ ತೇಪೆ. ಕಣ್ಣಿಗೂ ನಾಲಿಗೆಗೂ ನಡುವೆ ಏನೂ ಇರಲಿಲ್ಲ, ಹೊಟ್ಟೆಕಿಚ್ಚು ಒಂದನ್ನು ಬಿಟ್ಟು.

ಅವಳು ಹತ್ತಿದಳು. ನಾನು ಸಡಿಲವಾದ ಹಗ್ಗವನ್ನು ಎಳೆದುಕೊಳ್ಳುತ್ತಾ ಹೋದೆ. ಒಂದಾಳು ಎತ್ತರ, ಎರಡಾಳು. ಎಳೆದಷ್ಟೂ ಗಂಟು ಬಿಗಿಯುತ್ತದೆ, ಅದರ ಸ್ವಭಾವವೇ ಅದು, ಏನಾಗುವುದಿಲ್ಲ. ಹಾಗೆ ಅಂದುಕೊಳ್ಳುವಷ್ಟರಲ್ಲಿ ಮೂರಾಳು ಎತ್ತರದಲ್ಲಿ ಬಿರುಕಿನಿಂದ ಎದ್ದ ಕುರುಚಲು ಮುಳ್ಳುಗಿಡ ಕಂಡಿತು. ನನ್ನ ಆಡುಗಳು ಕತ್ತು ಚಾಚಿ ತಿನ್ನುತ್ತಿದ್ದ ಗಿಡ. ಅವಳು ಅದರ ಪಕ್ಕಕ್ಕೇ ಹತ್ತುತ್ತಿದ್ದಳು. ಸೊಂಟದಿಂದ ಜೋತ ತುದಿ ಅತ್ತ ಇತ್ತ ಅಲ್ಲಾಡುತ್ತಾ ಗಿಡದ ಮೇಲೆ ಬಿದ್ದು ಮುಳ್ಳಿಗೆ ಸಿಕ್ಕಿತು.

"ರತ್ನಾ, ನಿಂತ್ಕೋ! ಹತ್ಬೇಡ!"

ಅವಳು ತಲೆ ತಿರುಗಿಸಿ ನಕ್ಕಳು. "ಯಾಕಕ್ಕ, ಕೆಲ್ಸ ಕೈ ಬುಟ್ಟೋಯ್ತದೆ ಅಂತ ಭಯನಾ?"

"ಗಂಟು ಸರಿಯಿಲ್ಲ ಕಣೇ!"

"ಈಗ್ತಾನೆ ಸರಿ ಐತೆ ಅಂದ್ಯಲ್ಲ. ಒಳ್ಳೆ ಆಟ ಆಡ್ತೀಯ ಬುಡು" ಎಂದು ಇನ್ನೊಂದು ಕೈ ಮೇಲಕ್ಕೆ ಹಾಕಿದಳು.

ಅವಳು ನಂಬಲಿಲ್ಲ. ಯಾಕೆ ನಂಬಬೇಕು? ಮೂರು ತಿಂಗಳಿಂದ ನಾನು ಅವಳ ಉಪ್ಪನ್ನೂ ಪೊರಕೆಯನ್ನೂ ತಪ್ಪು ಎನ್ನುತ್ತಾ ಬಂದವಳು. ಆ ಬಂಡೆಯ ಮೇಲೆ ನನ್ನ ಮಾತಿಗೆ ಬೆಲೆ ಬರಬೇಕಾದರೆ ಒಂದೇ ದಾರಿಯಿತ್ತು. ಕೂಗಿದೆ. ಮೇಲಿದ್ದವರಿಗೂ ಕೇಳುವಂತೆ ಕೂಗಿದೆ.

"ದನದ ಗಂಟು ಹಾಕಿದ್ದೀಯ ಕಣೇ! ನಾನು ನೋಡ್ದೆ! ನೋಡ್ಬುಟ್ಟು ಸರಿ ಐತೆ ಅಂದೆ! ನಿನ್ ಮೇಲ್ ಹೊಟ್ಟೆಕಿಚ್ಚು ಕಣೇ ನಂಗೆ, ನೋಡ್ಬುಟ್ಟೇ ಸುಮ್ಕಿದ್ದೆ!"

ಅವಳು ಬಗ್ಗಿ ಸೊಂಟ ನೋಡಿಕೊಂಡಳು. ಆಮೇಲೆ ಕೆನ್ನೆಯನ್ನು ಬಂಡೆಗೆ ಒತ್ತಿ ಅಲುಗಾಡದೆ ನಿಂತಳು. ಒಂದು ಕೈ ಬಿಟ್ಟು ಗಂಟು ಸರಿಮಾಡಿಕೊಳ್ಳುವ ಜಾಗವಲ್ಲ ಅದು.

ಮೇಲಿನಿಂದ ಮೇಡಂ ದನಿ, ತೀರ ಸಮಾಧಾನದ ದನಿ, ಬಂತು. "ರತ್ನ, ಹಾಗೇ ಇರು. ಇನ್ನೊಂದು ಹಗ್ಗ ಕಳಿಸ್ತಾ ಇದ್ದೀನಿ. ತುದೀಲಿ ಕೊಂಡಿ ಇದೆ. ಸೊಂಟದ ಪಟ್ಟಿಗೆ ಸಿಗಿಸ್ಕೋ, ಅಷ್ಟೇ."

ಆ ಹಗ್ಗ ಇಳಿಯಲು ಎಷ್ಟು ಹೊತ್ತು ಹಿಡಿಯಿತೋ ನನಗೆ ಗೊತ್ತಿಲ್ಲ. ರತ್ನಳ ಹಿಮ್ಮಡಿ ನಡುಗುತ್ತಿದ್ದುದು ಮಾತ್ರ ಈಗಲೂ ಕಾಣುತ್ತದೆ. ಕೊಂಡಿ ಅವಳ ಭುಜದ ಪಕ್ಕ ಬಂದು ತೂಗಾಡಿತು. ಅವಳು ಅದಕ್ಕೆ ಕೈಚಾಚಿ ವಾಲಿದಳು. ಗಿಡಕ್ಕೆ ಸಿಕ್ಕಿದ ತುದಿ ಬಿಗಿಯಾಯಿತು. ಕೊಂಡಿ ಕಟಕ್ಕೆಂದ ಸದ್ದು ನನಗೆ ಕೇಳಿಸಿತು, ಅದರ ಹಿಂದೆಯೇ ನನ್ನ ಕೈಯಲ್ಲಿದ್ದ ಹಗ್ಗ ಹಗುರವಾಯಿತು. ಗಂಟು ಬಿಚ್ಚಿ, ಅವಳ ಸೊಂಟದಿಂದ ಜಾರಿ, ಬರಿಯ ಹಗ್ಗ ಬಂಡೆಯ ಮೇಲೆ ಹಾವಿನಂತೆ ಹೊರಳುತ್ತಿತ್ತು. ಅವಳು ಎರಡನೆಯ ಹಗ್ಗದಲ್ಲಿ ತೂಗುತ್ತಿದ್ದಳು.

ಅವಳನ್ನು ಮೆಲ್ಲಗೆ ಇಳಿಸಿದರು. ಕಾಲು ನೆಲಕ್ಕೆ ತಾಗಿದೊಡನೆ ಅಲ್ಲೇ ಕೂತಳು. ಕಿತ್ತಳೆ ಸುಲಿಯುತ್ತಿದ್ದ ಹುಡುಗಿಯರು ನೀರು ಕೊಟ್ಟರು. ನಾನು ಹತ್ತಿರ ಹೋಗಲಿಲ್ಲ. ಹೋಗಲು ಯಾವ ಮುಖವಿತ್ತು? ಖಾಲಿ ಹಗ್ಗವನ್ನು ಹಿಡಿದುಕೊಂಡೇ ನಿಂತಿದ್ದೆ.

ಮೇಡಂ ಸುತ್ತುದಾರಿಯಲ್ಲಿ ಇಳಿದು ಬಂದು ನನ್ನ ಎದುರು ನಿಂತರು. ಬೈಯುತ್ತಾರೆ ಎಂದುಕೊಂಡಿದ್ದೆ. "ಕೂಗಿ ಹೇಳಿದ್ದು ನಿಜಾನಾ?" ಎಂದರು.

"ನಿಜ ಮೇಡಂ."

"ಗಂಟು ಹಾಕೋಕೆ ಬರದೇ ಇರೋರಿಗೆ ಕಲಿಸ್ಬಹುದು ಜಯಮ್ಮ." ಅಷ್ಟು ಹೇಳಿ ನನ್ನ ಕೈಯಿಂದ ಹಗ್ಗ ತೆಗೆದುಕೊಂಡು ಸುತ್ತತೊಡಗಿದರು.

ಕೆಲಸ ರತ್ನಳಿಗಾಯಿತು. ಇನ್ನೆರಡು ವಾರ ಅವಳಿಂದ ಬರಿಯ ಗಂಟನ್ನೇ ಹಾಕಿಸಿದರಂತೆ, ದಿನಕ್ಕೆ ನೂರು ಸಲ.

ಆವತ್ತು ಮಧ್ಯಾಹ್ನ ನಾವಿಬ್ಬರೂ ಒಬ್ಬರ ಹಿಂದೆ ಒಬ್ಬರು ಮನೆಗೆ ಬಂದೆವು. ಇವಳು ಒಂದು ಮಾತು ಹೇಳಿದರೆ ಸಾಕು, ನನ್ನ ಗಂಡ, ಮೈದುನ, ಅಣ್ಣತಮ್ಮಂದಿರ ಒಂದೇ ಮನೆ, ಎಲ್ಲ ಎರಡಾಗುತ್ತದೆ. ಅತ್ತೆ ಅವರೆಕಾಯಿ ಬಿಡಿಸುತ್ತಿದ್ದವರು ತಲೆಯೆತ್ತಿ, "ಏನಾಯ್ತ್ರೇ? ಯಾರ್ಗೆ ಸಿಕ್ತು?" ಎಂದರು.

ರತ್ನ ಅವರ ಪಕ್ಕ ಕೂತು ಒಂದು ಹಿಡಿ ಕಾಯಿ ತೆಗೆದುಕೊಂಡಳು. "ನಂಗೆ ಅತ್ತೆಮ್ಮ. ಅಕ್ಕನೇ ಬುಟ್ಕೊಟ್ಳು."

ಅತ್ತೆ ನನ್ನ ಮುಖ ನೋಡಿದರು. ಕಣ್ಣು ತುಂಬಿಕೊಂಡರು. "ನಮ್ಮಣ್ಣನ ಮಗಳು ಅಂದ್ರೆ ಸುಮ್ನೆನಾ! ಓರಗಿತ್ತಿಗೆ ಬುಟ್ಕೊಡೋ ಮನಸು ಯಾರ್ಗೈತೆ ಈ ಕಾಲ್ದಲ್ಲಿ?" ಎಂದರು. ಬಂದವರಿಗೆಲ್ಲ ಹೇಳಿದರು. ಊರೆಲ್ಲ ಹೇಳಿತು. ನಮ್ಮನೆಯವರು ರಾಮನಗರದಿಂದ ನನಗೆ ಒಂದು ಸೀರೆ ತಂದರು. ಆ ಹೊಗಳಿಕೆಯಷ್ಟು ಕಹಿಯಾದದ್ದನ್ನು ನಾನು ಅದಕ್ಕೆ ಮುಂಚೆಯೂ ನುಂಗಿಲ್ಲ, ಆಮೇಲೂ ನುಂಗಿಲ್ಲ. ಬೇಡ ಎನ್ನುವ ಹಾಗೂ ಇರಲಿಲ್ಲ.

ಶಿವರಾತ್ರಿ ಕಳೆದ ಮೂರನೆಯ ದಿನ ಬೆಳಗ್ಗೆ ಅವಳು ಕ್ಯಾಂಪಿಗೆ ಹೊರಟಳು. ವಾರಕ್ಕೆ ನಾಲ್ಕು ದಿನ ಅಲ್ಲಿ, ಉಳಿದ ದಿನ ಮನೆಯಲ್ಲಿ ಎಂದು ಮಾತಾಗಿತ್ತು. ಮೈದುನ ಗೂಡಿನ ಬಾಡಿಗೆಗೆ ಹೋಗಿದ್ದ, ಹಾಗಾಗಿ ಬ್ಯಾಗು ಹೊತ್ತು ರಸ್ತೆಯವರೆಗೆ ಹೋದವಳು ನಾನು. ಕನಕಪುರದ ಬಸ್ಸು ಬರುವುದಿತ್ತು. ಹುಣಸೆಮರದ ಕೆಳಗೆ ನಿಂತೆವು. ಇಬ್ಬರೂ ಬಸ್ಸು ಬರುವ ದಿಕ್ಕನ್ನೇ ನೋಡುತ್ತಿದ್ದೆವು. ಎರಡು ವಾರದಿಂದ ನಾಲಿಗೆಯ ತುದಿಯಲ್ಲಿದ್ದದ್ದನ್ನು ಕಡೆಗೆ ಕೇಳಿದೆ.

"ಯಾಕೆ ರತ್ನ ಹೇಳ್ಲಿಲ್ಲ ಮನೇಲಿ?"

ಬಸ್ಸು ಕಂಡಿತು. ಅವಳು ಕೈ ಅಡ್ಡ ಹಿಡಿದು ನಿಲ್ಲಿಸಿ, ನನ್ನ ಹೆಗಲಿನಿಂದ ಬ್ಯಾಗು ಇಸಿದುಕೊಂಡಳು.

"ನೀನು ಕೂಗ್ದೆ ಅಲ್ವಾ ಅಕ್ಕ, ಅದು ನಂಗೆ ಬೇಕು, ನಾನ್ ಮಡಗ್ಕೊಂಡಿವ್ನಿ. ಅದ್ಕೂ ಮುಂಚೆ 'ಸರಿ ಐತೆ' ಅಂದ್ಯಲ್ಲ, ಅದು ನಿಂದು. ನೀನೇ ಮಡಗ್ಕೋ."

ಹತ್ತಿ ಹೋಗಿಬಿಟ್ಟಳು. ಕಿಟಕಿಯಿಂದ ಕೈಬೀಸಿದಳೋ ಇಲ್ಲವೋ, ಧೂಳಿನಲ್ಲಿ ಕಾಣಲಿಲ್ಲ. ನಾನು ಕೈ ಜೋಡಿಸಬೇಕಿತ್ತು, ಅಳಬೇಕಿತ್ತು. ಅದೊಂದೂ ಆಗಲಿಲ್ಲ. ಇದ್ದದ್ದನ್ನು ಇದ್ದಂತೆ ಬರೆಯುತ್ತೇನೆ. ಬಂಡೆಯೂ ಅವಳಿಗೆ, ಕೆಲಸವೂ ಅವಳಿಗೆ, ಹೋಗಲಿ. ಇಂಥ ಮಾತು ಕೂಡ ಇವಳ ಬಾಯಿಗೇ ಬರಬೇಕೆ ಎಂದು, ಬಸ್ಸು ತಿರುವಿನಲ್ಲಿ ಮರೆಯಾಗುವ ಮುಂಚೆಯೇ, ನನಗೆ ಮತ್ತೆ ಹೊಟ್ಟೆ ಉರಿಯಿತು.